ಅತ್ತೆಯ ಸೆರಗು, ಹನ್ನೆರಡು ಕಲ್ಲು

ನನ್ನ ನೋಟುಪುಸ್ತಕದಲ್ಲಿ ಒಂದು ಪುಟವಿದೆ. ಎಡಗಡೆ ತಾರೀಖು, ಬಲಗಡೆ ಎರಡು ಸಾಲು ಅಂಕಿ. ಒಂದು ಸಾಲಿನ ತಲೆಗೆ ‘ನಾನು’ ಎಂದು, ಇನ್ನೊಂದರ ತಲೆಗೆ ‘ಅತ್ತೆ’ ಎಂದು ಬರೆದಿದ್ದೇನೆ. ಕೋಸಗಿಯಲ್ಲಿ ಅತ್ತೆಯ ಮನೆಯ ಜಗಲಿಯಿಂದ ರೈಲು ಹಳಿ ನೇರ ಕಾಣುತ್ತದೆ. ಗೂಡ್ಸ್ ಗಾಡಿ ಹಾದುಹೋದಾಗಲೆಲ್ಲ ನಾವಿಬ್ಬರೂ ಕೂತು ಅದರ ಡಬ್ಬಿ ಎಣಿಸುತ್ತಿದ್ದೆವು. ಆ ಎಣಿಕೆಯ ಪುಟ ಅದು. ಮೊದಲ ಸಾಲಿನಲ್ಲಿ ನನ್ನದು ನಲವತ್ತೆರಡು, ಅತ್ತೆಯದೂ ನಲವತ್ತೆರಡು. ಪುಟದ ನಡುವೆ ನನ್ನದು ಮೂವತ್ತೆಂಟು ಇರುವಲ್ಲಿ ಅತ್ತೆಯದು ಮೂವತ್ತು. ಇನ್ನೂ ಕೆಳಗೆ ನನ್ನ ನಲವತ್ತಕ್ಕೆ ಅವಳದು ಹದಿನಾರು. ಎಲ್ಲವನ್ನೂ ಅಚ್ಚುಕಟ್ಟಾಗಿ, ಗೆರೆ ಹೊಡೆದು ಬರೆದಿಟ್ಟವನು ನಾನೇ. ಮೇಲಿನಿಂದ ಕೆಳಗೆ ಒಮ್ಮೆ ಓದಿ ನೋಡಬೇಕು ಎಂದು ಮಾತ್ರ ನನಗೆ ಹೊಳೆಯಲಿಲ್ಲ.

ನನಗೀಗ ಇಪ್ಪತ್ತಾರು. ಮಕ್ಕಳ ಪುಸ್ತಕ ಬರೆದು ಅದಕ್ಕೆ ತಾನೇ ಚಿತ್ರ ಬರೆಯುವವನು ಎಂದು ಆದೋನಿಯಲ್ಲಿ ನಾಲ್ಕು ಜನ ಗುರುತಿಸುತ್ತಾರೆ. ಮೂರು ಪುಸ್ತಕ ಬಂದಿವೆ, ಒಟ್ಟು ನಲವತ್ತೊಂದು ಚಿತ್ರ. ಶಾಲೆಯ ಮೇಷ್ಟ್ರುಗಳು ಕರೆದು, ಮೊದಲ ಪುಸ್ತಕ ಹೇಗಾಯಿತು ಹೇಳಿ ಎಂದು ಮಕ್ಕಳ ಮುಂದೆ ನಿಲ್ಲಿಸುತ್ತಾರೆ. ಅತ್ತೆ ಹೇಳಿದ ಕಥೆ ಎಂದು ಶುರುಮಾಡಿ ಆಡಿನ ವಿಷಯ ಹೇಳುತ್ತೇನೆ. ಮಕ್ಕಳು ನಗುತ್ತವೆ. ಅಲ್ಲಿಗೆ ನಿಲ್ಲಿಸಿ ಕೆಳಗೆ ಕೂರುತ್ತೇನೆ. ಉಳಿದದ್ದನ್ನು ಇಲ್ಲಿ ಬರೆಯುತ್ತಿದ್ದೇನೆ.

ಹದಿನೆಂಟು ತುಂಬಿದ ವರ್ಷ ನಾನು ಊರಿನ ಒಂದು ಕಲ್ಲಚ್ಚಿನ ಪ್ರೆಸ್ಸಿಗೆ ಸೇರಿದೆ. ಎಣ್ಣೆ ಡಬ್ಬಿಯ ಲೇಬಲ್ಲು, ಬೀಡಿ ಕಟ್ಟಿನ ಲೇಬಲ್ಲು, ಹತ್ತಿ ಮೂಟೆಯ ಮೇಲೆ ಅಂಟಿಸುವ ಚೀಟಿ, ಇವೇ ಅಲ್ಲಿನ ಕೆಲಸ. ನುಣ್ಣಗೆ ಉಜ್ಜಿದ ದಪ್ಪ ಕಲ್ಲಿನ ಮೇಲೆ ಜಿಡ್ಡಿನ ಮಸಿಯಿಂದ ಚಿತ್ರ ಬರೆಯಬೇಕು. ಕಲ್ಲಿಗೆ ನೀರು ಹಚ್ಚಿ ಶಾಯಿ ಉರುಳಿಸಿದರೆ ಜಿಡ್ಡಿದ್ದ ಕಡೆ ಮಾತ್ರ ಶಾಯಿ ಹಿಡಿಯುತ್ತದೆ. ಮೇಲೆ ಕಾಗದ ಒತ್ತಿದರೆ ಚಿತ್ರ ಇಳಿಯುತ್ತದೆ, ಆದರೆ ಎಡದ್ದು ಬಲಕ್ಕೆ, ಬಲದ್ದು ಎಡಕ್ಕೆ. ಆದ್ದರಿಂದ ಕಲ್ಲಿನ ಮೇಲೆ ಎಲ್ಲವನ್ನೂ ಉಲ್ಟಾ ಬರೆಯಬೇಕು. ಕನ್ನಡ, ತೆಲುಗು ಎರಡೂ ಅಕ್ಷರಗಳನ್ನು ಉಲ್ಟಾ ಬರೆಯಲು ಒಂದೇ ವರ್ಷದಲ್ಲಿ ಕಲಿತೆ. ಎರಡನೆಯ ವರ್ಷ ಎಷ್ಟು ರೂಢಿಯಾಯಿತೆಂದರೆ, ಮನೆಯಲ್ಲಿ ಕಾಗದ ಬರೆಯಲು ಕೂತರೆ ಮೊದಲ ಅಕ್ಷರವೇ ತಿರುಗಿ ಬೀಳುತ್ತಿತ್ತು. ಚಿತ್ರಗಳಲ್ಲಿ ಆ ತೊಂದರೆ ಇರಲಿಲ್ಲ. ನಾವು ಬರೆಯುತ್ತಿದ್ದದ್ದು ನವಿಲು, ಕಮಲ, ಜೋಡೆತ್ತು. ನವಿಲು ಯಾವ ಕಡೆ ಮುಖ ಮಾಡಿದರೂ ಎಣ್ಣೆಯ ವ್ಯಾಪಾರಿ ಕೇಳುತ್ತಿರಲಿಲ್ಲ.

ಅತ್ತೆ ಎಂದರೆ ನಮ್ಮಪ್ಪನ ಅಕ್ಕ. ಕೋಸಗಿಗೆ ಕೊಟ್ಟಿದ್ದರು. ಮಾವ ನಾನು ಹುಟ್ಟುವ ಮೊದಲೇ ತೀರಿಹೋದ. ಮಕ್ಕಳಿಲ್ಲ. ಸುಗ್ಗಿ ಮುಗಿದ ಮೇಲೆ ಅವಳ ಕೇರಿಯ ಅರ್ಧ ಮನೆಗಳಿಗೆ ಬೀಗ ಬೀಳುತ್ತಿತ್ತು. ಗಂಡ ಹೆಂಡತಿ ಇಬ್ಬರೂ ರೈಲು ಹತ್ತಿ ದೂರದ ಊರುಗಳಿಗೆ ಕೂಲಿಗೆ ಹೋಗುತ್ತಿದ್ದರು, ಸಣ್ಣ ಮಕ್ಕಳು ಮುದುಕರ ಹತ್ತಿರ ಉಳಿಯುತ್ತಿದ್ದವು. ಸಂಜೆಯಾದರೆ ಆ ಮಕ್ಕಳೆಲ್ಲ ಅತ್ತೆಯ ಜಗಲಿಗೆ ಬರುತ್ತಿದ್ದವು. ಜಗಲಿಯ ಕಂಬಕ್ಕೆ ಅಂಗೈಯಗಲದ ಒಂದು ಕನ್ನಡಿ. ಬೆಳಿಗ್ಗೆ ಸ್ನಾನವಾದ ಮೇಲೆ ಅತ್ತೆ ಅದರ ಮುಂದೆ ನಿಂತು ವಿಭೂತಿ ಹಚ್ಚಿಕೊಳ್ಳುವಳು, ಸೆರಗು ಸರಿಮಾಡಿಕೊಳ್ಳುವಳು. ಸಂಜೆ ಅದೇ ಕಂಬಕ್ಕೆ ಬೆನ್ನು ಕೊಟ್ಟು ಕಥೆ ಹೇಳುವಳು.

ಮಕ್ಕಳು ಮತ್ತೆ ಮತ್ತೆ ಕೇಳುತ್ತಿದ್ದದ್ದು ಆಡಿನ ಕಥೆಯನ್ನು. ಒಬ್ಬ ಮುದುಕಿ, ಅವಳದೊಂದು ಆಡು. ರೈಲು ಹತ್ತಿ ಹೋದವರನ್ನೆಲ್ಲ ತಿರುಗಿ ಕರೆತರುತ್ತೇನೆ ಎಂದು ಆಡು ಹಟ ಹಿಡಿಯುತ್ತದೆ. ಮುದುಕಿ ಅದಕ್ಕೆ ತಿಕೀಟು ಕೊಡಿಸುತ್ತಾಳೆ. ಆಡು ತಿಕೀಟನ್ನು ತಿಂದುಬಿಡುತ್ತದೆ. ದಿನವೂ ತಿಕೀಟು, ದಿನವೂ ತಿನ್ನುವುದು. ಕೊನೆಗೆ ಸ್ಟೇಷನ್ ಮಾಸ್ತರನೇ ಸೋತು ಅದನ್ನು ಹತ್ತಿಸಿ ಕಳಿಸುತ್ತಾನೆ. ಇಷ್ಟೇ ಕಥೆ. ಆದರೆ ಅತ್ತೆ ಆಡಿನ ದನಿಯಲ್ಲಿ ಸ್ಟೇಷನ್ ಮಾಸ್ತರನ ಜೊತೆ ತೆಲುಗಿನಲ್ಲಿ ಜಗಳ ಆಡುವಾಗ ಮಕ್ಕಳು ಬಿದ್ದು ಬಿದ್ದು ನಗುತ್ತಿದ್ದವು.

ಬಳ್ಳಾರಿ ಮೈಸೂರು ರಾಜ್ಯಕ್ಕೆ ಸೇರಿ ಆದೋನಿಯ ಕಡೆಯ ನಾವು ಆಂಧ್ರದಲ್ಲಿ ಉಳಿದ ಮರುವರ್ಷ ಅದು. ನಮ್ಮ ಕಡೆಯ ಕನ್ನಡ ಶಾಲೆಗಳಿಗೆ ಪಾಠದ ಪುಸ್ತಕವೇ ಹೊತ್ತಿಗೆ ಸರಿಯಾಗಿ ಬರುತ್ತಿರಲಿಲ್ಲ, ಚಿತ್ರದ ಪುಸ್ತಕವನ್ನಂತೂ ಯಾರೂ ಕಂಡಿರಲಿಲ್ಲ. ಆಡಿನ ಕಥೆಯನ್ನು ಪುಸ್ತಕ ಮಾಡುತ್ತೇನೆ, ಹನ್ನೆರಡು ಚಿತ್ರ, ಚಿತ್ರದ ಕೆಳಗೆ ಎರಡೆರಡು ಸಾಲು ಎಂದು ಅತ್ತೆಗೆ ಹೇಳಿದೆ. ಅವಳು ಹೊಲಿಯುತ್ತಿದ್ದ ಕೌದಿಯಿಂದ ತಲೆ ಎತ್ತದೆ ಹೇಳಿದಳು.

“ಅಳಿಯಾ, ನಿನಗ ಕೊಡಾಕ ನನ್ನ ಹೊಟ್ಟ್ಯಾಗ ಹೆಣ್ಣು ಹುಟ್ಲಿಲ್ಲ. ಕಥಿನಾರ ತಗೊಂಡು ಹೋಗು.”

ಆ ಬೇಸಿಗೆಯಲ್ಲಿಯೇ ಅವಳು ಸೂಜಿಗೆ ದಾರ ಪೋಣಿಸಲು ಪಕ್ಕದ ಮನೆಯವರನ್ನು ಕರೆಯತೊಡಗಿದ್ದಳು. ಬಳ್ಳಾರಿಗೆ ಕರೆದುಕೊಂಡು ಹೋಗಿ ಕಣ್ಣಿನ ಡಾಕ್ಟರಿಗೆ ತೋರಿಸಿದೆ. ಇದು ಪೊರೆಯಲ್ಲ, ತೆಗೆದುಹಾಕುವಂಥದ್ದಲ್ಲ, ಒಳಗಿನ ನರ ಸೋಲುತ್ತಿದೆ, ಎಷ್ಟು ದಿನ ಎಂದು ಹೇಳಲಾಗದು ಎಂದರು. ಹೊರಗೆ ಬಂದು ಬೇವಿನ ಮರದ ನೆರಳಲ್ಲಿ ಕೂತಾಗ ಅದನ್ನೆಲ್ಲ ಆದಷ್ಟು ಮೆತ್ತಗೆ ಮಾಡಿ ಹೇಳಿದೆ. ಅತ್ತೆ ಅಳಲಿಲ್ಲ.

“ಹಂಗಾದ್ರ ಪುಸ್ತಕ ಲಗೂನ ಮಾಡು,” ಎಂದಳು. “ಓದಾಕಂತೂ ನನಗ ಬರಂಗಿಲ್ಲ. ಚಿತ್ರ ನೋಡ್ತೀನಿ. ಕಣ್ಣು ಇರೂದ್ರಾಗ ತೋರ್ಸು.”

ಆ ಮಾತನ್ನು ನೋಟುಪುಸ್ತಕದಲ್ಲಿ ಬರೆದು ಕೆಳಗೆ ಎರಡು ಗೆರೆ ಎಳೆದೆ. ಡಬ್ಬಿ ಎಣಿಸುವ ಪುಟ ಶುರುವಾದದ್ದೂ ಅವತ್ತಿನಿಂದಲೇ. ಕಣ್ಣು ಎಷ್ಟು ಉಳಿದಿದೆ ಎಂದು ತಿಳಿಯಲು ಅದೊಂದು ಒಳ್ಳೆಯ ಉಪಾಯ ಎಂದು ನನಗೆ ಹೆಮ್ಮೆಯೂ ಆಗಿತ್ತು.

ಪ್ರೆಸ್ಸಿನ ಯಜಮಾನರು ಮೂಲೆ ಒಡೆದ ಹನ್ನೆರಡು ಸಣ್ಣ ಕಲ್ಲುಗಳನ್ನು ನನಗೆ ಬಿಟ್ಟುಕೊಟ್ಟರು, ರಜೆಯ ದಿನ ಮಾತ್ರ ಕೆಲಸ ಮಾಡಬೇಕು ಎಂದರು. ಕಲ್ಲನ್ನು ಕೋಸಗಿಗೆ ಹೊತ್ತೊಯ್ಯುವಂತಿರಲಿಲ್ಲ, ಆದ್ದರಿಂದ ಅತ್ತೆಯೇ ಬಂದಳು. ಶನಿವಾರದ ಪ್ಯಾಸೆಂಜರಿಗೆ ಇಳಿದು ನಮ್ಮ ಮನೆಯಲ್ಲಿ ಉಳಿದು, ಭಾನುವಾರ ಬೆಳಿಗ್ಗೆ ಪ್ರೆಸ್ಸಿಗೆ ಬಂದು ಶಾಯಿ ಡಬ್ಬದ ಮೇಲೆ ಕೂರುತ್ತಿದ್ದಳು. ಹನ್ನೆರಡೂ ಚಿತ್ರದಲ್ಲಿ ಮುದುಕಿ ಇದ್ದಾಳೆ. ಮುದುಕಿ ಎಂದರೆ ಅತ್ತೆಯೇ. ಆಡನ್ನು ನೆನಪಿನಿಂದ ಬರೆದೆ, ಅತ್ತೆಯನ್ನು ಎದುರಿಗೆ ಕೂರಿಸಿಕೊಂಡು, ಕಣ್ಣಿಗೆ ಕಂಡಂತೆ, ನೇರ ಕಲ್ಲಿನ ಮೇಲೆ ಬರೆದೆ. ಮೂಗಿನ ಪಕ್ಕದ ಸುರುಕು, ಕೊರಳ ನರ, ತಲೆ ಮೇಲೆ ಹೊದ್ದ ಸೆರಗಿನ ನಿರಿಗೆ ಒಂದನ್ನೂ ಬಿಡಲಿಲ್ಲ. ಕೆಳಗಿನ ಸಾಲುಗಳನ್ನು ತಪ್ಪದೆ ಉಲ್ಟಾ ಬರೆದೆ. ಐದು ತಿಂಗಳಲ್ಲಿ ಹನ್ನೆರಡು ಮುಗಿದವು.

ಯಂತ್ರ ನಡೆಸುತ್ತಿದ್ದ ಮೇಸ್ತ್ರಿ ವಯಸ್ಸಾದವರು. ಮನೆಯಲ್ಲಿ ತೆಲುಗು, ಪ್ರೆಸ್ಸಿನಲ್ಲಿ ಕನ್ನಡ. ಮೊದಲ ಕಲ್ಲು ಮುಗಿದಾಗಲೇ ಅವರು, ಒಂದು ಪ್ರೂಫ್ ತೆಗೆದು ನೋಡೋಣ ಎಂದಿದ್ದರು. ನಾನು ಬೇಡ ಎಂದೆ. ಒಂದೇ ದಿನ, ಒಂದೇ ಶಾಯಿ, ಒಂದೇ ಬಗೆಯ ಕಾಗದದಲ್ಲಿ ಹನ್ನೆರಡನ್ನೂ ತೆಗೆದರೆ ಹದ ಒಂದೇ ಬರುತ್ತದೆ ಎಂಬುದು ನನ್ನ ಕ್ರಮ. ಕ್ರಮ ಬಿಟ್ಟು ನಾನು ಏನನ್ನೂ ಮಾಡಿದವನಲ್ಲ.

ಪ್ರೂಫುಗಳನ್ನು ಸುತ್ತಿಕೊಂಡು ಮನೆಗೆ ತಂದಾಗ ಅತ್ತೆ ಬಂದಿದ್ದಳು. ಅವಳೂ ಅವ್ವನೂ ಬಾಗಿಲಲ್ಲಿ ಕೂತು ಹತ್ತಿಯಿಂದ ಬೀಜ ಬಿಡಿಸುತ್ತಿದ್ದರು. ಅತ್ತೆ ಕೈ ಒರೆಸಿಕೊಂಡು ಮೊದಲ ಹಾಳೆಯನ್ನು ಬೆಳಕಿಗೆ ಹಿಡಿದು ಮೂಗಿನ ಹತ್ತಿರ ತಂದಳು. ಆಮೇಲೆ ನಗತೊಡಗಿದಳು. ಇದು ನಾನೇ ನೋಡು, ನಾನೇ, ಎಂದು ಅವ್ವನ ತೊಡೆಗೆ ಬಡಿದಳು. ಹಾಳೆಗಳನ್ನು ಒಂದೊಂದಾಗಿ ತಿರುವಿ, ಹನ್ನೆರಡಕ್ಕೂ ನಕ್ಕಳು.

ಅವ್ವ ಒಂದನ್ನು ಕೈಗೆ ತೆಗೆದುಕೊಂಡಳು.

“ಅಕ್ಕಾ, ನೀ ಯಾವಾಗಿಂದ ಎಡಸೆರಗು ಹಾಕಾಕ ಹತ್ತೀದಿ? ಯಾರ ಮನಿ ಸೊಸಿ ಆದಿ ಈ ವಯಸ್ಸಿನ್ಯಾಗ?”

ನಮ್ಮ ಮನೆಯ ಹೆಂಗಸರು ಸೆರಗನ್ನು ಬಲ ಹೆಗಲ ಮೇಲೆ ಹಾಕುತ್ತಾರೆ. ಎಡ ಹೆಗಲ ಮೇಲೆ ಹಾಕುವವರು ಬೇರೆ. ಬೀದಿಯಲ್ಲಿ ಬರುವ ಹೆಂಗಸು ಯಾವ ಪೈಕಿ ಎಂದು ದೂರದಿಂದಲೇ ಹೇಳಲು ನಮ್ಮ ಕಡೆ ಹೆಗಲು ನೋಡಿದರೆ ಸಾಕು. ನಾನು ಹಾಳೆಗಳನ್ನು ಕಸಿದುಕೊಂಡು ನೋಡಿದೆ. ಹನ್ನೆರಡರಲ್ಲೂ ಸೆರಗು ಎಡ ಹೆಗಲ ಮೇಲಿತ್ತು. ಅಕ್ಷರಗಳನ್ನು ತಿರುಗಿಸಿದ ನಾನು ಅತ್ತೆಯನ್ನು ತಿರುಗಿಸಿರಲಿಲ್ಲ. ಮೂರು ವರ್ಷ ಲೇಬಲ್ಲು ಬರೆದ ಕೈ ನವಿಲಿನಂತೆಯೇ ಅತ್ತೆಯನ್ನೂ ಬರೆದುಹಾಕಿತ್ತು.

ಅತ್ತೆಗೆ ಅದೊಂದು ದೊಡ್ಡ ವಿಷಯವೇ ಆಗಲಿಲ್ಲ. “ಆ ಕಡಿ ಹಾಕಿದ್ರ ಆಡು ತಿಂದುಬಿಡ್ತಿತ್ತು, ಅದಕ್ಕ ಈ ಕಡಿ ಹಾಕೀನಿ,” ಎಂದು ಅವ್ವನಿಗೆ ತಿರುಗಿಸಿ ಕೊಟ್ಟಳು. ನನ್ನ ಕಡೆ ನೋಡಿ, “ಇರ್ಲಿ ಬಿಡು ಅಳಿಯಾ, ಚೊಲೋ ಐತಿ. ಇದನ್ನ ಅಚ್ಚು ಹಾಕು. ನನಗೊಂದು ಹಾಳಿ ಕೊಡು, ಮನ್ಯಾಗ ಇಟ್ಕೊಂತೀನಿ,” ಎಂದಳು.

ಕೊಡಲಿಲ್ಲ. ಕೆಟ್ಟ ಪ್ರೂಫನ್ನು ಪ್ರೆಸ್ಸಿನಿಂದ ಹೊರಗೆ ಬಿಡಬಾರದು ಎಂದು ಹೇಳಿ ಅವಳ ಕೈಯಿಂದ ಏಳನೆಯ ಹಾಳೆಯನ್ನು, ಆಡು ತಿಕೀಟು ತಿನ್ನುತ್ತಿರುವ ಚಿತ್ರವನ್ನು, ಬಿಡಿಸಿ ತೆಗೆದುಕೊಂಡೆ. ಅವಳ ಹಿಡಿತ ಸ್ವಲ್ಪ ಗಟ್ಟಿಯಾಗಿಯೇ ಇತ್ತು. ಇದು ಈಗ ನನಗೆ ದಿನಾ ನೆನಪಾಗುತ್ತದೆ, ಅಂದು ನೋಟುಪುಸ್ತಕದಲ್ಲಿ ಬರೆದಿಲ್ಲ. ಅಂದು ಬರೆದದ್ದು: ಹನ್ನೆರಡು ಚಿತ್ರ, ಹನ್ನೆರಡೂ ತಪ್ಪು.

ಮರುದಿನ ಮೇಸ್ತ್ರಿಗೆ ಹೇಳಿದೆ, ಕಲ್ಲುಗಳನ್ನೆಲ್ಲ ಉಜ್ಜಿ ಹೊಸದಾಗಿ ಬರೆಯುತ್ತೇನೆ ಎಂದು. ಅವರು ಯಂತ್ರ ನಿಲ್ಲಿಸಿದರು.

“ಪಿಲ್ಲಲು ಆಡು ನೋಡ್ತಾರಪ್ಪಾ, ಪೈಟ ನೋಡ್ತಾರೇನು?” ಎಂದರು. ಅವರ ತೆಲುಗಿನಲ್ಲಿ ಪಿಲ್ಲಲು ಎಂದರೆ ಮಕ್ಕಳು, ಪೈಟ ಎಂದರೆ ಸೆರಗು. ನಾನು ಮೊದಲ ಕಲ್ಲನ್ನು ಎತ್ತಿಕೊಂಡದ್ದು ಕಂಡು, “ಆಯಮ್ಮನ ಕಣ್ಣು ನಿನ್ನ ಕಲ್ಲಿಗೋಸ್ಕರ ಕಾಯ್ತತೇನು?” ಎಂದು ಕೇಳಿದರು.

ಆರು ತಿಂಗಳು ಸಾಕು ಎಂದು ನಾನು ಲೆಕ್ಕ ತೋರಿಸಿದೆ. ಹನ್ನೆರಡು ಚಿತ್ರ, ಚಿತ್ರಕ್ಕೆ ಎರಡು ಭಾನುವಾರ, ಒಟ್ಟು ಇಪ್ಪತ್ತನಾಲ್ಕು. ನಮ್ಮವರ ಮಕ್ಕಳು ಓದುವ ಪುಸ್ತಕದಲ್ಲಿ ನಮ್ಮ ಮನೆಯ ಮುದುಕಿಗೇ ಬೇರೆಯವರ ಸೆರಗು ಹಾಕಿದರೆ ಜನ ನಗುವುದಿಲ್ಲವೇ ಎಂದೂ ವಾದಿಸಿದೆ. ಅದು ಸುಳ್ಳಲ್ಲ, ಆದರೆ ಪೂರ್ತಿ ನಿಜವೂ ಅಲ್ಲ. ತಪ್ಪಿರುವ ಕೆಲಸದ ಮೇಲೆ ನನ್ನ ಹೆಸರು ಬರುವುದು ನನಗೆ ಬೇಡವಾಗಿತ್ತು.

ಕಲ್ಲಿನ ಮೇಲೆ ಮರಳು ಹಾಕಿ, ನೀರು ಚಿಮುಕಿಸಿ, ಇನ್ನೊಂದು ಕಲ್ಲನ್ನು ಬೋರಲು ಹಾಕಿ ಗುಂಡಗೆ ತಿರುಗಿಸುತ್ತಾ ಉಜ್ಜಬೇಕು. ಎರಡೂ ಒಟ್ಟಿಗೆ ಸವೆಯುತ್ತವೆ. ಹೀಗೆ ಅತ್ತೆಯ ಮುಖಕ್ಕೆ ಅತ್ತೆಯ ಮುಖವನ್ನೇ ಉಜ್ಜಿ ಆರು ಜೊತೆ ಕಲ್ಲುಗಳನ್ನು ಅಳಿಸಿದೆ. ಬೂದು ಬಣ್ಣದ ರಾಡಿ ಹರಿದು ಮೋರಿಗೆ ಹೋಯಿತು.

ಇಪ್ಪತ್ತನಾಲ್ಕು ಭಾನುವಾರ ಎಂದುಕೊಂಡದ್ದು ಅರವತ್ತಾಯಿತು. ಶೇಂಗಾ ಸುಗ್ಗಿ ಬಂದು ಎಣ್ಣೆಯ ಲೇಬಲ್ಲುಗಳ ಒತ್ತಡ ಬಿತ್ತು, ರಜೆಯ ದಿನವೂ ಯಂತ್ರ ಓಡಿತು. ಹತ್ತಿ ಮಿಲ್ಲುಗಳು ಶುರುವಾದ ಮೇಲೆ ಗಾಳಿಯಲ್ಲಿ ಹಾರುವ ಎಳೆಗಳು ಬಂದು ಜಿಡ್ಡಿನ ಮಸಿಗೆ ಅಂಟಿ ಎರಡು ಚಿತ್ರ ಕೆಟ್ಟವು. ಅತ್ತೆಗೆ ಒಬ್ಬಳೇ ರೈಲಿಗೆ ಬರಲು ಭಯವಾಗತೊಡಗಿತು, ಬರುವುದು ಕಡಿಮೆಯಾಯಿತು. ಬಂದಾಗ ನಾನು ಹೊಸ ಉಪಾಯ ಮಾಡಿದೆ. ಒಂದು ದೊಡ್ಡ ಕನ್ನಡಿ ತಂದು ಅವಳ ಎದುರಿಗಿಟ್ಟು, ಅವಳನ್ನು ನೋಡದೆ ಕನ್ನಡಿಯಲ್ಲಿನ ಅವಳನ್ನು ನೋಡಿ ಬರೆದೆ. ಕನ್ನಡಿ ತಿರುಗಿಸಿದ್ದನ್ನು ಕಾಗದ ಮತ್ತೆ ತಿರುಗಿಸುತ್ತದೆ, ಸೆರಗು ತನ್ನ ಹೆಗಲಿಗೆ ಬರುತ್ತದೆ. ಎಷ್ಟೋ ಭಾನುವಾರ ಆ ಕನ್ನಡಿಯನ್ನೇ ನೋಡುತ್ತಾ ಕೂತೆ. ಅದರೊಳಗೆ ಇದ್ದದ್ದು ನಾನು ಉಜ್ಜಿ ಹಾಕಿದ ಮುದುಕಿಯೇ ಎಂದು ಒಂದು ಸಲವೂ ಅನ್ನಿಸಲಿಲ್ಲ.

ನಡುನಡುವೆ ಕೋಸಗಿಗೆ ಹೋದಾಗ ಡಬ್ಬಿ ಎಣಿಸಿ ಅಂಕಿ ಬರೆದುಕೊಂಡು ಬರುತ್ತಿದ್ದೆ. ಪುಸ್ತಕ ಎಲ್ಲಿಗೆ ಬಂತು ಎಂದು ಅತ್ತೆ ಕೇಳುತ್ತಿದ್ದಳು. ಐದು ಮುಗಿದವು, ಎಂಟು ಮುಗಿದವು ಎಂದು ಹೇಳುತ್ತಿದ್ದೆ. ಒಮ್ಮೆ ಅವಳು ಗಾಡಿ ಇನ್ನೂ ಹೋಗುತ್ತಿರುವಾಗಲೇ ಎಣಿಸುವುದನ್ನು ನಿಲ್ಲಿಸಿದಳು. ಏಕೆ ಎಂದರೆ, ಬೇಸರ, ನೀನೇ ಎಣಿಸು ಎಂದಳು. ನಾನು ಅವಳ ಸಾಲಿನಲ್ಲಿ ಒಂದು ಅಡ್ಡಗೆರೆ ಎಳೆದೆ. ಅದರ ಕೆಳಗೆ ಬೇರೆ ಅಂಕಿ ಇಲ್ಲ.

ಐವತ್ತಾರನೆಯ ಇಸವಿಯ ಬೇಸಿಗೆಯಲ್ಲಿ ಪುಸ್ತಕ ಹೊಲಿಗೆಯಾಗಿ ಬಂತು. ಚಿತ್ರಗಳು ಚೆನ್ನಾಗಿಯೇ ಬಂದಿದ್ದವು, ಈಗಲೂ ನನ್ನ ಮೂರು ಪುಸ್ತಕಗಳಲ್ಲಿ ಒಳ್ಳೆಯದು ಅದೇ. ಮೊದಲ ಪ್ರತಿಯನ್ನು ಚೀಲದಲ್ಲಿಟ್ಟುಕೊಂಡು ಬೆಳಗಿನ ಪ್ಯಾಸೆಂಜರಿಗೆ ಕೋಸಗಿಗೆ ಹೋದೆ. ಅತ್ತೆ ಕಂಬಕ್ಕೆ ಒರಗಿ ಕೂತಿದ್ದಳು. ನಾನು ಮೆಟ್ಟಿಲು ಹತ್ತುವಾಗ, “ಯಾರು?” ಎಂದಳು. ಎರಡು ತಿಂಗಳ ಹಿಂದೆ, ಬರುವೆನೆಂದು ಮೊದಲೇ ತಿಳಿಸಿ ಹೋದಾಗ, ನನ್ನ ನಡಿಗೆಯ ಸಪ್ಪಳಕ್ಕೇ ಗುರುತು ಹಿಡಿದು ಕರೆದಿದ್ದಳು. ಕಣ್ಣಿಗೆ ಕಂಡೇ ಕರೆದಳು ಎಂದು ನಾನು ತಿಳಿದಿದ್ದೆ.

ಪುಸ್ತಕವನ್ನು ಅವಳ ತೊಡೆಯ ಮೇಲಿಟ್ಟೆ. ಅವಳು ಎರಡೂ ಕೈಯಿಂದ ಹಿಡಿದು ಅದರ ಅಂಚನ್ನು ಸವರಿದಳು, ಹೊಲಿಗೆಯನ್ನು ಮುಟ್ಟಿ ನೋಡಿದಳು, ಮೂಸಿದಳು. ಒಂದು ಪುಟ ತೆಗೆದು ಅದರ ಮೇಲೆ ಬೆರಳಾಡಿಸಿದಳು. ಸೀಸದ ಅಚ್ಚುಮೊಳೆಯಿಂದ ಒತ್ತಿದ ಪುಸ್ತಕವಾದರೆ ಬೆರಳಿಗೆ ಸ್ವಲ್ಪ ತಗ್ಗು ತಾಗುತ್ತದೆ. ಕಲ್ಲಚ್ಚು ಕಾಗದದ ಮೇಲೆ ಮಟ್ಟಸವಾಗಿ ಕೂರುತ್ತದೆ, ಏನೂ ತಾಗುವುದಿಲ್ಲ. ಅವಳ ಬೆರಳು ಪುಟದ ಈ ತುದಿಯಿಂದ ಆ ತುದಿಗೆ ಹೋಗಿ ಬಂತು.

“ಎಲ್ಲಿ ಅದೀನಿ ನಾನು?”

ಬೆರಳು ಹಿಡಿದು ಮುದುಕಿಯ ಮೇಲಿಟ್ಟೆ.

“ಸೆರಗು?”

ಬಲಗಡೆಗೇ ಬಂದಿದೆ ಅತ್ತಿ, ಹನ್ನೆರಡರಲ್ಲೂ ಸರಿಮಾಡಿದ್ದೇನೆ, ಎಂದೆ. ಹೇಳುವಾಗ ನನ್ನ ದನಿಯಲ್ಲಿ ಇನ್ನೂ ಒಂದಿಷ್ಟು ಹೆಮ್ಮೆ ಇತ್ತು. ಅವಳು ಕಂಬದ ಕನ್ನಡಿಯ ಕಡೆ ಮುಖ ತಿರುಗಿಸಿದಳು. ಬೈಯುವವಳಂತೆ ಏನೂ ಕಾಣಲಿಲ್ಲ. ಯಾವುದೋ ಹಳೆಯ ವಿಷಯ ನೆನಪಾದವಳ ಹಾಗೆ ಹೇಳಿದಳು.

“ನೀವೆಲ್ಲಾರು ಎದುರಿಗೆ ನಿಂತು ನನ್ನ ನೋಡೀರಿ. ನಾ ನನ್ನ ನೋಡಿದ್ದು ಈ ಕನ್ನಡ್ಯಾಗ ಅಷ್ಟ, ಅಳಿಯಾ. ಕನ್ನಡ್ಯಾಗ ನನ್ನ ಸೆರಗು ಆ ಕಡಿನ ಇರ್ತಿತ್ತು. ನೀ ಮೊದ್ಲ ತಂದಿದ್ದಿ ನೋಡು, ಆ ಹಾಳ್ಯಾಗಿದ್ದದ್ದು ನಾನು.” ಆಮೇಲೆ ಕೇಳಿದಳು, “ಆ ಹಾಳಿ ಐತೇನು?”

ಇದೆ, ಹುಡುಕಿ ತರುತ್ತೇನೆ ಎಂದೆ. ಅವಳು ಕಥೆ ಓದಲು ಹೇಳಿದಳು. ಓದಿದೆ. ಸ್ಟೇಷನ್ ಮಾಸ್ತರನ ಜಗಳದ ಹತ್ತಿರ ಬಂದಾಗ ನನ್ನನ್ನು ತಡೆದು, ನೀನು ಬರೆದದ್ದರಲ್ಲಿ ಆಡಿಗೆ ಸಿಟ್ಟೇ ಬಂದಿಲ್ಲ ಎಂದು ಆ ಭಾಗವನ್ನು ತಾನೇ ಹೇಳಿದಳು.

ಪ್ರೆಸ್ಸಿನಲ್ಲಿ ಕೆಟ್ಟ ಹಾಳೆಗಳಿಗೆ ಒಂದು ಉಪಯೋಗವಿದೆ. ಹೊಸ ಕಲ್ಲು ಏರಿಸಿದಾಗ ಶಾಯಿ ಹದಕ್ಕೆ ಬರುವ ತನಕ ಅವನ್ನೇ ಯಂತ್ರಕ್ಕೆ ಕೊಡುತ್ತಾರೆ. ಆ ಹನ್ನೆರಡು ಪ್ರೂಫುಗಳನ್ನೂ ಕೆಟ್ಟ ಹಾಳೆಯ ಕಟ್ಟಿಗೆ ಸೇರಿಸಿ ಪಟ್ಟಿ ಬರೆದದ್ದೂ ನಾನೇ. ಹಿಂದಿನ ಕೋಣೆಯಲ್ಲಿ ಹಳೆಯ ಕಟ್ಟುಗಳನ್ನೆಲ್ಲ ಬಿಚ್ಚಿ ಮೂರು ದಿನ ಹುಡುಕಿದೆ. ಮೇಸ್ತ್ರಿಯೂ ಕೂತು ಹುಡುಕಿದರು. ಹನ್ನೆರಡರಲ್ಲಿ ಒಂದು ಸಿಕ್ಕಿತು, ಏಳನೆಯದು. ಅದರ ಮೇಲೆ ಎಣ್ಣೆ ಡಬ್ಬಿಯ ಲೇಬಲ್ಲು ಕೆಂಪು ಶಾಯಿಯಲ್ಲಿ ಬಿದ್ದಿತ್ತು. ಆಡು ಉಳಿದಿತ್ತು, ತಿಕೀಟು ಉಳಿದಿತ್ತು, ಎಡ ಹೆಗಲ ಸೆರಗು ಅರ್ಧ ಉಳಿದಿತ್ತು. ಮುಖದ ಮೇಲೆ ಪೂರ್ತಿ ನವಿಲಿನ ಗರಿ.

ಮುಂದಿನ ಶನಿವಾರ ಅದನ್ನು ಮಡಿಸದೆ, ಸುರುಳಿ ಸುತ್ತಿ ಕೋಸಗಿಗೆ ಒಯ್ದೆ. ಅತ್ತೆ ಹಾಳೆಯನ್ನು ಎರಡೂ ಅಂಗೈಯ ಮೇಲೆ ಹರಡಿಕೊಂಡಳು. ಬಾಗಿಲಿನ ಬೆಳಕಿನ ಕಡೆಗೆ, ಮೊದಲಿನ ಹಾಗೆಯೇ, ಮೂಗಿನ ಹತ್ತಿರ ತಂದಳು.

“ಮಾರಿ ಚೊಲೋ ಕಾಣ್ತತೇನು?” ಎಂದಳು.

ಕಾಣುತ್ತದೆ, ನಗುತ್ತಿದ್ದೀಯ ಎಂದೆ. ಅವಳು ತಲೆಯಾಡಿಸಿ, ಕಂಬದ ಕನ್ನಡಿಯ ಹಿಂದೆ ಸಿಕ್ಕಿಸು ಎಂದಳು. ಸಿಕ್ಕಿಸಿದೆ. ಅಷ್ಟರಲ್ಲಿ ರಾಯಚೂರಿನ ಕಡೆಯಿಂದ ಗೂಡ್ಸ್ ಗಾಡಿ ಬಂತು. ಎಷ್ಟಿವೆ ಎಂದು ಅವಳು ಕೇಳಲಿಲ್ಲ, ನಾನೂ ಎಣಿಸಲಿಲ್ಲ. ಸಂಜೆಯ ಗಾಡಿಗೆ ಆದೋನಿಗೆ ಬಂದು ನೋಟುಪುಸ್ತಕ ತೆಗೆದೆ. ಆ ದಿನದ ಕೆಳಗೆ ಬೇರೇನೂ ಬರೆಯಲು ತೋಚಲಿಲ್ಲ, ‘ಅತ್ತೆಗೆ ಹೇಳಿದ ಸುಳ್ಳು: ಒಂದು’ ಎಂದು ಬರೆದಿಟ್ಟೆ.